ಒಂದು ಮೆಟ್ಟು, ಎರಡು ಹೆಸರು

ಹೋದ ತಿಂಗಳು ಒಂದು ಭಾನುವಾರ ನಮ್ಮ ಮನೆಯ ಪಡಸಾಲೆಯಲ್ಲಿ ಒಂದು ಸಣ್ಣ ವ್ಯಾಜ್ಯ ಹುಟ್ಟಿಕೊಂಡಿತು. ನನ್ನ ತಾಯಿಯವರು ಮೈಸೂರಿನ ಕಡೆಯವರು. ನನಗೆ ಧಾರವಾಡದಲ್ಲಿ ಕೆಲಸವಾದ ಮೇಲೆ ಅವರೂ ಅವರ ವೀಣೆಯೂ ಇಲ್ಲಿಗೆ ಬಂದು ಹದಿನೈದು ವರ್ಷಗಳಾದವು. ಈಗ ಅವರು ನನ್ನ ಮಗಳಿಗೆ ಪಾಠ ಹೇಳುತ್ತಿದ್ದಾರೆ. ಆ ದಿನ ನಾಟರಾಗದ ಪಾಠ. ಹುಡುಗಿ ತಾನು ನುಡಿಸಿದ್ದನ್ನು ನೋಟುಪುಸ್ತಕದಲ್ಲಿ ಬರೆದುಕೊಳ್ಳುತ್ತ, ಇಳಿಯುವ ಕಡೆಯಲ್ಲಿ ‘ಮ ಗ ಸ’ ಎಂದು ಬರೆದಳು. ಅಜ್ಜಿ ಅದನ್ನು ಹೊಡೆದುಹಾಕಿ ‘ಮ ರಿ ಸ’ ಎಂದು ತಿದ್ದಿದರು.

“ಮೂರನೇ ಮೆಟ್ಟು ಗ ಅಲ್ವಾ ಅಜ್ಜಿ? ತೋಡಿಯಲ್ಲಿ ನೀವೇ ಅದನ್ನ ಗ ಅಂತ ಹೇಳಿಕೊಟ್ರಿ.”

“ತೋಡಿಯಲ್ಲಿ ಗ ಕಣೇ. ಇಲ್ಲಿ ಅದು ರಿ. ಮಧ್ಯಮದಿಂದ ಇಳಿದು ಷಡ್ಜಕ್ಕೆ ಹೋಗ್ತಿದೀಯ, ಮಧ್ಯೆ ಗಾಂಧಾರ ಎಲ್ಲಿಂದ ಬಂತು?”

ನಮ್ಮ ಕಾಲೇಜಿನ ಭೌತಶಾಸ್ತ್ರದ ಅಧ್ಯಾಪಕರೊಬ್ಬರು ಕಾಫಿಗೆಂದು ಬಂದು ಕುಳಿತಿದ್ದರು. ಹಿಂದೂಸ್ತಾನಿ ಸಂಗೀತವೆಂದರೆ ಅವರಿಗೆ ಪ್ರಾಣ. ನಾದವನ್ನು ಅಳೆದು ಮುಳ್ಳು ತೋರಿಸುವ ಒಂದು ಆ್ಯಪ್ ಅವರ ಫೋನಿನಲ್ಲಿದೆ. ಅದನ್ನು ವೀಣೆಯ ಪಕ್ಕದಲ್ಲಿಟ್ಟು, ಹುಡುಗಿಯ ಕೈಯಲ್ಲಿ ಮೂರನೆಯ ಮೆಟ್ಟನ್ನು ಎರಡು ಸಲ ಮೀಟಿಸಿದರು. ಒಮ್ಮೆ ಗಾಂಧಾರವೆಂದುಕೊಂಡು, ಒಮ್ಮೆ ರಿಷಭವೆಂದುಕೊಂಡು. ಮುಳ್ಳು ಎರಡು ಸಲವೂ ಒಂದೇ ಕಡೆ ನಿಂತಿತು.

“ಏನ್ರೀ ಸರ, ಹನ್ನೆರಡು ಮನಿಗೆ ಹದಿನಾರು ಹೆಸರು ಬರಕೊಂಡು ಕುಂತೀರಿ. ಇದು ಖೊಟ್ಟಿ ಲೆಕ್ಕಾ ಅಲ್ಲೇನ್ರೀ?” ಎಂದರು.

ನನ್ನ ತಾಯಿ ನಕ್ಕು ಒಳಗೆ ಹೋದರು. ಮಗಳು ನಗಲಿಲ್ಲ. ಹದಿನಾಲ್ಕು ವರ್ಷದ ಹುಡುಗಿ. ಒಮ್ಮೆ ಗುರುವಿನ ಲೆಕ್ಕ ತಪ್ಪೆಂದು ಕಂಡರೆ ಆ ವಿದ್ಯೆಯ ಮೇಲೆಯೇ ಅಪನಂಬಿಕೆ ಹುಟ್ಟುವ ವಯಸ್ಸು. ವೀಣೆ ಬಿಟ್ಟು ಕೀಬೋರ್ಡ್ ತರಗತಿಗೆ ಸೇರುತ್ತೇನೆ ಎಂದು ಆ ರಾತ್ರಿ ಊಟದ ಹೊತ್ತಿಗೆ ಹೇಳಿದಳು. ಅವಳಿಗೆ ಉತ್ತರ ಹೇಳಬೇಕಾದವನು ನಾನು. ನನ್ನ ಸಂಕಟಕ್ಕೆ ಇನ್ನೂ ಒಂದು ಕಾರಣವಿತ್ತು. ಹತ್ತು ವರ್ಷದ ಹಿಂದೆ ಒಂದು ವಿಚಾರಸಂಕಿರಣದಲ್ಲಿ, ನಮ್ಮ ಶಾಸ್ತ್ರಗ್ರಂಥಗಳನ್ನು ಕುರಿತು ಮಾತನಾಡುತ್ತ, ವೆಂಕಟಮಖಿಯ ೭೨ ಮೇಳಗಳ ಪಟ್ಟಿಯನ್ನು “ಸಂಗೀತದ ಪಂಚಾಂಗ” ಎಂದು ಹಂಗಿಸಿದವನು ನಾನೇ. ಹೆಸರುಗಳನ್ನು ಹೆಚ್ಚಿಸಿಕೊಂಡು ಮೇಳಗಳನ್ನು ಹೆಚ್ಚಿಸಿಕೊಂಡರು ಎಂದು ನನ್ನ ವಾದ. ಸಭೆ ಚಪ್ಪಾಳೆ ತಟ್ಟಿತು. ಆ ಮಾತನ್ನು ಈಗ ಹಿಂದಕ್ಕೆ ತೆಗೆದುಕೊಳ್ಳಬೇಕಾಗಿದೆ. ಪೂರ್ತಿಯಾಗಿ ಅಲ್ಲದಿದ್ದರೂ ಬಹುಮಟ್ಟಿಗೆ.

ಕನ್ನಡದ ಮೇಷ್ಟರಿಗೆ ಸಂಗೀತಶಾಸ್ತ್ರದಲ್ಲಿ ಏನು ಕೆಲಸ ಎಂದು ಓದುಗರು ಕೇಳಬಹುದು. ಇಲ್ಲಿನ ಪ್ರಶ್ನೆ ಹೆಸರಿನದು. ಒಂದು ಧ್ವನಿ, ಅದಕ್ಕೊಂದು ಅಕ್ಷರ, ಅವೆರಡರ ನಡುವಿನ ನಂಟು—ಇದು ನಮ್ಮ ಕಸುಬಿನ ಮಾತೇ ಆದ್ದರಿಂದ ಈ ಅಧಿಕಪ್ರಸಂಗವನ್ನು ಮನ್ನಿಸಬೇಕು.

ಮೊದಲು ಧ್ವನಿಯ ಸಂಗತಿ. ತಂತಿಯೊಂದು ಸೆಕೆಂಡಿಗೆ ೨೪೦ ಸಲ ಕಂಪಿಸುವಾಗ ಕೇಳುವ ನಾದವನ್ನು ಷಡ್ಜವೆಂದು ಹಿಡಿಯೋಣ. ಅದೇ ತಂತಿಯನ್ನು ಅರ್ಧಕ್ಕೆ ಒತ್ತಿ ಮೀಟಿದರೆ ಕಂಪನಗಳು ೪೮೦ ಆಗುತ್ತವೆ. ಲೆಕ್ಕದಲ್ಲಿ ೨೪೦ ಬೇರೆ, ೪೮೦ ಬೇರೆ. ಕಿವಿಗೆ ಮಾತ್ರ ಎರಡೂ ‘ಸ’. ತಾತ ಮೊಮ್ಮಗಳು ಜೊತೆಗೆ ಭಜನೆ ಹಾಡುವಾಗ ತಾತನ ಕಂಠ ಒಂದು ಸ್ಥಾಯಿ ಕೆಳಗಿರುತ್ತದೆ. ಇಬ್ಬರೂ ಒಂದೇ ಹಾಡನ್ನು ಹಾಡುತ್ತಿದ್ದಾರೆಂದು ಯಾರೂ ಯಾರಿಗೂ ರುಜುವಾತು ಮಾಡಿ ತೋರಿಸಬೇಕಾಗಿಲ್ಲ. ಮಂದ್ರ, ಮಧ್ಯ, ತಾರ ಎಂದು ಸ್ಥಾಯಿಗಳನ್ನು ಬೇರೆ ಮಾಡಿದ ನಮ್ಮ ಹಿರಿಯರು ಸ್ವರದ ಹೆಸರನ್ನು ಬೇರೆ ಮಾಡಲಿಲ್ಲ. ವೀಣೆಯ ಮೇಲೆ ೨೪ ಮೆಟ್ಟುಗಳಿವೆ. ಹೆಸರುಗಳು ಮಾತ್ರ ಹನ್ನೆರಡನೆಯ ಮೆಟ್ಟಿನಲ್ಲಿ ಮುಗಿದು, ಮತ್ತೆ ಮೊದಲಿನಿಂದ ಶುರುವಾಗುತ್ತವೆ. ಇಷ್ಟರಮಟ್ಟಿಗೆ ಪೂರ್ವ ಪಶ್ಚಿಮಗಳಲ್ಲಿ ಭೇದವಿಲ್ಲ. (ಪುನ್ನಾಗವರಾಳಿ, ನಾದನಾಮಕ್ರಿಯೆಗಳಂಥ ರಾಗಗಳು ನಿಷಾದಕ್ಕೇ ನಿಂತುಬಿಡುತ್ತವೆ, ತಾರಷಡ್ಜವನ್ನು ಮುಟ್ಟುವುದಿಲ್ಲ. ಅವಕ್ಕೆ ಮೇಲಿನ ‘ಸ’ ಕೆಳಗಿನ ‘ಸ’ ಎರಡೂ ಒಂದೇ ಎಂದರೆ ಒಪ್ಪಿಗೆಯಾಗಲಾರದು. ಆ ಮಾತು ಇಲ್ಲಿಗಿರಲಿ.)

ಇಪ್ಪತ್ತನೆಯ ಶತಮಾನದ ನಡುಭಾಗದಲ್ಲಿ ಅಮೆರಿಕದ ಮಿಲ್ಟನ್ ಬ್ಯಾಬಿಟ್ ಮೊದಲಾದವರು ಈ ಒಡಂಬಡಿಕೆಗೆ ಶಾಸ್ತ್ರದ ರೂಪ ಕೊಟ್ಟರು. ‘ಪಿಚ್ ಕ್ಲಾಸ್’ ಎಂದು ಅವರು ಕರೆಯುವುದನ್ನು ನಾವು ಸ್ವರವರ್ಗ ಎನ್ನಬಹುದು. ಎಲ್ಲ ಸ್ಥಾಯಿಗಳ ‘ಸ’ಗಳೂ ಸೇರಿ ಒಂದು ವರ್ಗ, ಹೀಗೆ ಒಟ್ಟು ೧೨ ವರ್ಗಗಳು. ಅಷ್ಟಕ್ಕೆ ನಿಲ್ಲದೆ ಅವರು ಎರಡನೆಯ ಒಂದು ಹೆಜ್ಜೆಯನ್ನೂ ಇಟ್ಟರು. ಪಿಯಾನೋದ ಒಂದೇ ಕಪ್ಪುಮನೆಗೆ ಡಿ ಶಾರ್ಪ್, ಇ ಫ್ಲ್ಯಾಟ್ ಎಂಬ ಎರಡು ಹೆಸರುಗಳಿವೆಯಷ್ಟೆ. ಮೇಲಕ್ಕೆ ಹೋಗುವ ದಾರಿಯಲ್ಲಿದ್ದರೆ ಸಾಮಾನ್ಯವಾಗಿ ಒಂದು, ಕೆಳಕ್ಕಿಳಿಯುವಾಗ ಇನ್ನೊಂದು ಎಂದು ಅಲ್ಲಿಯ ರಚನಕಾರರು ಬರೆಯುತ್ತಾರೆ. ಆ ಎರಡು ಹೆಸರುಗಳನ್ನೂ ಅಳಿಸಿ, ಸೊನ್ನೆಯಿಂದ ಹನ್ನೊಂದರವರೆಗಿನ ಅಂಕೆಗಳನ್ನು ಇಟ್ಟರು. ಷಡ್ಜ ಸೊನ್ನೆಯಾದರೆ ನಮ್ಮ ವ್ಯಾಜ್ಯದ ಮೆಟ್ಟು ೩. ಅದು ರಿಷಭವೋ ಗಾಂಧಾರವೋ ಎಂಬ ಪ್ರಶ್ನೆ ಅಲ್ಲಿ ಏಳುವುದೇ ಇಲ್ಲ.

ಇದನ್ನು ನಾನು ಹಗುರವಾಗಿ ಕಾಣುತ್ತಿಲ್ಲ. ಷೋನ್‌ಬರ್ಗ್ ೧೯೨೦ರ ದಶಕದಲ್ಲಿ ಕಟ್ಟಿದ ಸಂಗೀತದಲ್ಲಿ ಹನ್ನೆರಡು ಸ್ವರಗಳೂ ಸಮಾನ; ಯಾವುದೂ ಮನೆಯ ಯಜಮಾನನಲ್ಲ, ಷಡ್ಜವೆಂಬುದೇ ಇಲ್ಲ. ಯಜಮಾನನಿಲ್ಲದ ಮನೆಯಲ್ಲಿ ಅಣ್ಣ ತಮ್ಮ ಎಂಬ ಸಂಬಂಧವಾಚಕಗಳಿಗೆ ಬದಲು ಅಂಕೆಗಳೇ ಅನುಕೂಲ. ಆ ಶಾಸ್ತ್ರ ಆ ಸಂಗೀತಕ್ಕೆ ತಕ್ಕದ್ದು. ನಮ್ಮ ಭೌತಶಾಸ್ತ್ರದ ಮಿತ್ರರು ಅದನ್ನು ನನ್ನ ತಾಯಿಯ ವೀಣೆಯ ಮೇಲೆ ತಂದಿಟ್ಟದ್ದರಿಂದ ತೊಡಕಾಯಿತು.

ಹಾಗೆಂದು ಒಂದು ಮೆಟ್ಟಿನಲ್ಲಿ ಎರಡನ್ನು ಕೂರಿಸುವ ಕೆಲಸವನ್ನು ನಮ್ಮವರು ಮಾಡಲೇ ಇಲ್ಲವೆಂದಲ್ಲ. ೧೫೫೦ರಲ್ಲಿ, ವಿಜಯನಗರದ ಅಳಿಯ ರಾಮರಾಯನ ಆಶ್ರಯದಲ್ಲಿ, ರಾಮಾಮಾತ್ಯನು ‘ಸ್ವರಮೇಳಕಲಾನಿಧಿ’ ಎಂಬ ಗ್ರಂಥವನ್ನು ಸಂಸ್ಕೃತದಲ್ಲಿ ಬರೆದನು. ಭರತನ ಕಾಲದಿಂದ ಬಂದ ೨೨ ಶ್ರುತಿಗಳ ಮಾತನ್ನು ಅವನೂ ಗೌರವದಿಂದ ಹೇಳುತ್ತಾನೆ. ಆದರೆ ಅವನ ಕಣ್ಣು ವೀಣೆಯ ದಂಡಿಯ ಮೇಲಿದೆ. ರಾಗಕ್ಕೊಂದು ಸಲ ಮೆಟ್ಟುಗಳನ್ನು ಸರಿಸಿಕೊಳ್ಳುವ ವೀಣೆಯನ್ನೂ, ಎಲ್ಲ ರಾಗಗಳನ್ನೂ ಒಂದೇ ಜೋಡಣೆಯಲ್ಲಿ ನುಡಿಸುವ ವೀಣೆಯನ್ನೂ ಅವನು ಬೇರೆ ಬೇರೆಯಾಗಿ ವರ್ಣಿಸಿದ್ದಾನೆ. ಎರಡನೆಯದನ್ನು ಕಟ್ಟಹೊರಟಾಗ ಕಷ್ಟ ಬಂತು. ಅವನ ಲೆಕ್ಕದಲ್ಲಿ ಸ್ವರಗಳು ಶುದ್ಧ ಏಳು, ವಿಕೃತ ಏಳು, ಒಟ್ಟು ಹದಿನಾಲ್ಕು; ಸ್ಥಾಯಿಗೆ ಮೆಟ್ಟುಗಳು ಹನ್ನೆರಡೇ. ಅಂತರಗಾಂಧಾರಕ್ಕೂ ಚ್ಯುತಮಧ್ಯಮಗಾಂಧಾರಕ್ಕೂ ಇರುವ ಎಡೆ ಬಹಳ ಕಿರಿದು, ಎರಡಕ್ಕೂ ಬೇರೆ ಮೆಟ್ಟು ಹಾಕಿದರೆ ಬೆರಳಿಗೆ ಜಾಗವಿರದು. ಆದ್ದರಿಂದ ಒಂದು ಇನ್ನೊಂದಕ್ಕೆ ಪ್ರತಿನಿಧಿಯಾಗಬಹುದೆಂದು ಅವನು ಒಪ್ಪಿದನು. ನಿಷಾದದ ಕಡೆಯಲ್ಲೂ ಹಾಗೆಯೇ. ಹೀಗೆ ಒಪ್ಪಿದರೆ ಅವನು ಮೊದಲು ಎಣಿಸಿದ ೨೦ ಮೇಳಗಳು ೧೫ಕ್ಕೆ ಇಳಿಯುತ್ತವೆ.

ಇದನ್ನು ಓದಿದಾಗ ನನಗೆ ಹಳಗನ್ನಡದ ಱ, ೞ ಅಕ್ಷರಗಳು ನೆನಪಾದವು. ಬಾೞ್ ಎಂದರೆ ಜೀವಿಸು; ಬಾಳ್ ಎಂದರೆ ಕತ್ತಿ. ಒಂದು ಕಾಲದಲ್ಲಿ ನಾಲಗೆ ಎರಡನ್ನೂ ಬೇರೆಯಾಗಿ ನುಡಿಯುತ್ತಿತ್ತು. ಕ್ರಮೇಣ ೞಕಾರ ಳಕಾರದಲ್ಲಿಯೂ ಱಕಾರ ರಕಾರದಲ್ಲಿಯೂ ಸೇರಿಹೋದವು. ಯಾವ ಶಬ್ದದಲ್ಲಿ ಯಾವ ಅಕ್ಷರವೆಂದು ಮರೆತುಹೋದೀತೆಂದು ಕೇಶಿರಾಜನು ಹದಿಮೂರನೆಯ ಶತಮಾನದಲ್ಲಿಯೇ ೞಕಾರದ ಶಬ್ದಗಳನ್ನು ಪಟ್ಟಿಮಾಡಿಟ್ಟ. ಇಂದು ನನ್ನ ತರಗತಿಯಲ್ಲಿ ಹುಡುಗರು ಎರಡನ್ನೂ ‘ಬಾಳ್’ ಎಂದೇ ಓದುತ್ತಾರೆ. ಫೋನಿನ ಮುಳ್ಳಿಗೆ ಕೇಳಿದರೆ ಎರಡೂ ಒಂದೇ. ಆದರೂ ವೀರನ ಕೈಯಲ್ಲಿ ಅದು ಬಂದಾಗ ಯಾವ ಹುಡುಗನೂ ಬದುಕೆಂದು ಅರ್ಥ ಮಾಡುವುದಿಲ್ಲ. ಹಿಂದಿನ ಪದ, ಮುಂದಿನ ಪದ ಅವನಿಗೆ ದಾರಿ ತೋರುತ್ತವೆ. ಧ್ವನಿ ಒಂದಾಯಿತೆಂದು ಪದ ಒಂದಾಗಲಿಲ್ಲ.

ಈಗ ವೆಂಕಟಮಖಿಗೆ ಬರೋಣ. ತಂಜಾವೂರಿನ ನಾಯಕರಿಗೆ ಮಂತ್ರಿಯಾಗಿದ್ದ ಗೋವಿಂದ ದೀಕ್ಷಿತನ ಮಗ. ಮನೆತನ ಕನ್ನಡನಾಡಿನ ಮೂಲದ್ದು. ಹದಿನೇಳನೆಯ ಶತಮಾನದ ನಡುಭಾಗದಲ್ಲಿ ವಿಜಯರಾಘವ ನಾಯಕನ ಆಶ್ರಯದಲ್ಲಿ ‘ಚತುರ್ದಂಡೀಪ್ರಕಾಶಿಕೆ’ಯನ್ನು ಬರೆದನು. ಮೈಸೂರಿನ ವಿದ್ವಾಂಸರಾದ ರಾ. ಸತ್ಯನಾರಾಯಣ ಅವರು ಅದನ್ನು ಸಂಪಾದಿಸಿಕೊಟ್ಟ ಮೇಲೆ ನನ್ನಂಥ ಹೊರಗಿನವನಿಗೂ ಅದರೊಳಗೆ ಇಣುಕಿ ನೋಡುವ ಧೈರ್ಯ ಬಂದಿದೆ. ಗ್ರಂಥಕಾರನ ಸ್ವಭಾವ ಸೌಮ್ಯವಾದುದಲ್ಲ. ನೂರು ವರ್ಷ ಹಿಂದಿನ ರಾಮಾಮಾತ್ಯನನ್ನು ಅವನು ಜಾಡಿಸುವ ಪರಿಯನ್ನು ಕಂಡರೆ ನಮ್ಮ ಕಾಲದ ಸಾಹಿತ್ಯವಿಮರ್ಶಕರು ಸಾಧುಗಳೆಂದೇ ತೋರುತ್ತದೆ.

ಅವನ ಕೃತಿಯಲ್ಲಿ ನನ್ನನ್ನು ಸೋಲಿಸಿದ ಭಾಗ ಸ್ವರಾಕ್ಷರಗಳದು. ರಿಷಭಕ್ಕೆ ಮೂರು ರೂಪ: ರ, ರಿ, ರು. ಗಾಂಧಾರಕ್ಕೆ ಗ, ಗಿ, ಗು. ಮಧ್ಯಮಕ್ಕೆ ಮ, ಮಿ. ಧೈವತಕ್ಕೆ ಧ, ಧಿ, ಧು; ನಿಷಾದಕ್ಕೆ ನ, ನಿ, ನು. ಷಡ್ಜ ಪಂಚಮಗಳು ಅಚಲ, ಅವಕ್ಕೆ ಗುಣಿತವಿಲ್ಲ. ಕೂಡಿದರೆ ಹದಿನಾರು. ಒಂದನೆಯ ತರಗತಿಯಲ್ಲಿ ನಾವೆಲ್ಲ ಕಲಿತ ಕಾಗುಣಿತವೇ ಇದು. ವ್ಯಂಜನವು ಕುಲವನ್ನು ಹೇಳುತ್ತದೆ, ಸ್ವರಚಿಹ್ನೆಯು ಆ ಕುಲದೊಳಗಿನ ಏರಿಳಿತವನ್ನು ಹೇಳುತ್ತದೆ. ವೀಣೆಯ ಮೇಲೆ ಇಟ್ಟು ನೋಡಿದರೆ ಎರಡನೆಯ ಮೆಟ್ಟಿನಲ್ಲಿ ‘ರಿ’ಯೂ ಇದೆ, ‘ಗ’ವೂ ಇದೆ. ಮೂರನೆಯದರಲ್ಲಿ ‘ರು’ ಮತ್ತು ‘ಗಿ’. ಮೇಲಿನ ಅರ್ಧದಲ್ಲಿ ‘ಧಿ’–‘ನ’ ಒಂದು ಮೆಟ್ಟು, ‘ಧು’–‘ನಿ’ ಇನ್ನೊಂದು. ಹನ್ನೆರಡು ಮನೆ, ಹದಿನಾರು ಹೆಸರು. ನಮ್ಮ ಮಿತ್ರರ ಖೊಟ್ಟಿ ಲೆಕ್ಕ ಇದೇ.

ನನ್ನ ಹಳೆಯ ತಪ್ಪು ಇಲ್ಲಿಯೇ. ಹೆಸರು ಹೆಚ್ಚಿದ್ದರಿಂದ ಮೇಳ ಹೆಚ್ಚಿತು ಎಂದಿದ್ದೆನಲ್ಲ. ಹೆಸರುಗಳನ್ನೆಲ್ಲ ಅಳಿಸಿ ಬರಿಯ ಮೆಟ್ಟುಗಳಲ್ಲಿ ಎಣಿಸಿ ನೋಡಿ. ಷಡ್ಜಕ್ಕೂ ಶುದ್ಧಮಧ್ಯಮಕ್ಕೂ ನಡುವೆ ನಾಲ್ಕು ಮೆಟ್ಟು. ಆ ನಾಲ್ಕರಲ್ಲಿ ಎರಡನ್ನು ಆಯ್ದುಕೊಳ್ಳಲು ಆರು ಬಗೆ. ಪಂಚಮದ ಮೇಲೆಯೂ ನಾಲ್ಕು ಮೆಟ್ಟು, ಅಲ್ಲಿಯೂ ಆರು ಬಗೆ. ಆರಾರಲಿ ಮೂವತ್ತಾರು, ಮಧ್ಯಮ ಎರಡು ಇರುವುದರಿಂದ ಎಪ್ಪತ್ತೆರಡು. ಹನ್ನೆರಡು ಅಂಕೆಗಳ ಶಾಸ್ತ್ರದವರು ಎಣಿಸಿದರೂ ಇಷ್ಟೇ ಬರುತ್ತದೆ, ಮತ್ತು ಯಾವ ಎರಡು ಮೇಳಗಳೂ ಒಂದರ ಮೇಲೊಂದು ಬೀಳುವುದಿಲ್ಲ. ಇಮ್ಮಡಿ ಹೆಸರುಗಳಿಂದ ಒಂದು ಮೇಳವೂ ಹೆಚ್ಚಾಗಿಲ್ಲ. ಎರಡು ಮೆಟ್ಟುಗಳನ್ನು ಆರಿಸಿಕೊಂಡಾಗ ಕೆಳಗಿನದು ರಿಷಭ, ಮೇಲಿನದು ಗಾಂಧಾರ ಎಂದು ಕರೆಯುವುದಷ್ಟೇ ಅವುಗಳ ಕೆಲಸ. ಪೆನ್ಸಿಲು ಹಿಡಿದು ಐದು ನಿಮಿಷ ಕೂತಿದ್ದರೆ ತಿಳಿಯುತ್ತಿದ್ದ ವಿಷಯ. ಚಪ್ಪಾಳೆಯ ಸಂಭ್ರಮದಲ್ಲಿ ನಾನು ಕೂರಲಿಲ್ಲ.

ಇಷ್ಟೇ ಆಗಿದ್ದರೆ ಇದೊಂದು ಅಚ್ಚುಕಟ್ಟಾದ ಕಡತದ ಪದ್ಧತಿ ಎಂದು ಬಿಟ್ಟುಬಿಡಬಹುದಿತ್ತು. ಏಳು ಅಕ್ಷರಗಳೂ ಒಂದೊಂದು ಸಲ ಬರಲೇಬೇಕೆಂಬ ಹಟದಿಂದ ಮೂರನೆಯ ಮೆಟ್ಟಿಗೆ ಬಲವಂತವಾಗಿ ರಿಷಭದ ವೇಷ ಹಾಕಿದರೆ? ಹಾಗೇನಾದರೂ ಆಗಿದ್ದಲ್ಲಿ, ಇಂಥ ರಾಗಗಳು ಪಟ್ಟಿಯಾದ ಮೇಲೆ ಹುಟ್ಟಿರಬೇಕಾಗಿತ್ತು. ನಡೆದದ್ದು ತಿರುವುಮುರುವು. ರಾಮಾಮಾತ್ಯನ ಇಪ್ಪತ್ತು ಮೇಳಗಳಲ್ಲಿಯೇ ಶುದ್ಧನಾಟವಿದೆ, ಶುದ್ಧವರಾಳಿಯಿದೆ. (ಕನ್ನಡಗೌಳವೆಂಬುದೂ ಒಂದಿದೆ; ನಾಡಿನ ಹೆಸರು ಹೊತ್ತ ರಾಗವೆಂದು ನನಗೆ ಅದರ ಮೇಲೆ ಕೊಂಚ ಪಕ್ಷಪಾತ.) ಷಟ್‌ಶ್ರುತಿ ರಿಷಭವೆಂಬುದು ಸಾಧಾರಣಗಾಂಧಾರಕ್ಕೇ ಇನ್ನೊಂದು ಹೆಸರೆಂಬ ಮಾತೂ ಅವನಲ್ಲಿದೆ. ಎಪ್ಪತ್ತೆರಡರ ಪಟ್ಟಿಗೆ ನೂರು ವರ್ಷ ಮೊದಲೇ ಗಾಯಕರು ಒಂದು ಮೆಟ್ಟನ್ನು ಎರಡು ಬಗೆಯಾಗಿ ಕೇಳುತ್ತಿದ್ದರು. ವೆಂಕಟಮಖಿ ಅದಕ್ಕೆ ಕಾಗುಣಿತ ಒದಗಿಸಿದ, ಅಷ್ಟೆ.

ಅವನ ಪರಿಭಾಷೆಯಲ್ಲಿ ಇನ್ನೊಂದು ಸಾಕ್ಷಿ ಸಿಕ್ಕುತ್ತದೆ. ನಾವು ಪ್ರತಿಮಧ್ಯಮ ಎನ್ನುವ ಸ್ವರವನ್ನು ಅವನು ವರಾಳಿಮಧ್ಯಮ ಎಂದು ಕರೆದಿದ್ದಾನೆ. ವರಾಳಿ ಒಂದು ರಾಗ. ಮೇಳದಿಂದ ರಾಗ ಹುಟ್ಟುತ್ತದೆ ಎಂದು ಸಾಧಿಸಹೊರಟವನು, ಸ್ವರದ ಗುರುತು ಹೇಳಬೇಕಾದಾಗ ಒಂದು ರಾಗದ ಹೆಸರನ್ನು ಹಿಡಿದುಕೊಂಡ! ಗ್ರಂಥಕಾರನ ಸಿದ್ಧಾಂತಕ್ಕಿಂತ ಅವನ ಕಿವಿ ಪ್ರಾಮಾಣಿಕವಾದದ್ದು ಎಂದು ನನಗೆ ತೋರುವುದು ಇಂಥ ಕಡೆಗಳಲ್ಲಿಯೇ.

‘ಶುದ್ಧ’ ಎಂಬ ಮಾತಿನ ಕಥೆ ಇನ್ನೂ ವಿಚಿತ್ರವಾದದ್ದು. ಈ ಗ್ರಂಥಕಾರರೆಲ್ಲರಿಗೂ ಮೂಲಮೇಳವೆಂದರೆ ಮುಖಾರಿ: ಸ ರ ಗ ಮ ಪ ಧ ನ. ಎಲ್ಲ ಸ್ವರಗಳೂ ಅತ್ಯಂತ ಕೆಳಗಿನ ರೂಪದಲ್ಲಿ. ಒಂದನೆಯ ಮೆಟ್ಟು ರಿಷಭ, ಅದಕ್ಕೆ ಅಂಟಿದ ಎರಡನೆಯದೇ ಗಾಂಧಾರ. ಇವೇ ಶುದ್ಧಸ್ವರಗಳು, ಉಳಿದವು ವಿಕೃತಗಳು. ಇಂದಿನ ಪಟ್ಟಿಯಲ್ಲಿ ಅದು ಒಂದನೆಯ ಮೇಳ, ಕನಕಾಂಗಿ. ಅದನ್ನು ನಾವು ವಿವಾದಿ ಎಂಬ ಗುಂಪಿಗೆ ಸೇರಿಸಿದ್ದೇವೆ. ಎಪ್ಪತ್ತೆರಡರಲ್ಲಿ ನಲವತ್ತು ಮೇಳಗಳು ಈ ಗುಂಪಿನವು, ಎಂದರೆ ರ–ಗ, ರು–ಗು, ಧ–ನ, ಧು–ನು ಎಂಬ ಅಂಟುಜೋಡಿಗಳಲ್ಲಿ ಒಂದಾದರೂ ಇರುವಂಥವು. ನೂರಾರು ವರ್ಷದ ಹಿಂದೆ ಶುದ್ಧವಾಗಿದ್ದದ್ದು ಈಗ ವಿವಾದಿ. ಮಕ್ಕಳಿಗೆ ಮೊದಲ ಪಾಠ ಮಾಯಾಮಾಳವಗೌಳದಲ್ಲಿ. ಮೆಟ್ಟುಗಳು ಕದಲಲಿಲ್ಲ, ಕಂಪನಸಂಖ್ಯೆಗಳು ಬದಲಾಗಲಿಲ್ಲ. ಕೇಳುವವರು ಬದಲಾದರು. ಆದರೂ ‘ಶುದ್ಧ ರಿಷಭ’, ‘ಶುದ್ಧ ಗಾಂಧಾರ’ ಎಂಬ ಹೆಸರುಗಳು, ಬತ್ತಿಹೋದ ಹೊಳೆಯ ಮೇಲಿನ ಸೇತುವೆಯ ಹಾಗೆ, ಪಠ್ಯಪುಸ್ತಕಗಳಲ್ಲಿ ನಿಂತುಕೊಂಡಿವೆ.

ವಿವಾದಿ ಎಂದರೆ ಯಾರೂ ಹಾಡದ ಮೇಳವೆಂದು ಭಾವಿಸಬೇಕಾಗಿಲ್ಲ. ಪುಷ್ಯ ಬಹುಳ ಪಂಚಮಿಯಂದು ತ್ಯಾಗರಾಜರ ಆರಾಧನೆಯಲ್ಲಿ ನೂರಾರು ಕಂಠಗಳು ಸೇರಿ ಹಾಡುವ ಪಂಚರತ್ನಗಳ ರಾಗಗಳು ನಾಟ, ಗೌಳ, ಆರಭಿ, ವರಾಳಿ, ಶ್ರೀ. ಐದರಲ್ಲಿ ಎರಡು ವಿವಾದಿ ಸ್ವರಗಳ ರಾಗಗಳು. ಕಲ್ಯಾಣಿಯಲ್ಲಿ ರಿಷಭವೆಂದು ನುಡಿಯುವ ಎರಡನೆಯ ಮೆಟ್ಟು ವರಾಳಿಯಲ್ಲಿ ಗಾಂಧಾರ. ಅಲ್ಲಿಂದ ಕೆಳಗೆ ಒಂದನೆಯ ಮೆಟ್ಟಿನ ರಿಷಭಕ್ಕೆ ಅದು ಒರಗಿಕೊಂಡಂತೆ ಇಳಿಯುತ್ತದೆ. ಕಲ್ಯಾಣಿಯ ಕಿವಿಯಿಂದ ವರಾಳಿಯನ್ನು ಕೇಳಿದರೆ ಎರಡು ರಿಷಭಗಳು ಒಂದರ ಕಾಲನ್ನೊಂದು ತುಳಿದಂತೆ ಕೇಳೀತು. ವರಾಳಿಯ ಕಿವಿಯಿಂದ ಕೇಳಿದವರಿಗೆ ತುಳಿತವಿಲ್ಲ, ಆರ್ತತೆ ಮಾತ್ರ.

ಧಾರವಾಡದಲ್ಲಿರುವವರಿಗೆ ಇದರ ಇನ್ನೊಂದು ಪಕ್ಕವೂ ಕಿವಿಗೆ ಬೀಳುತ್ತದೆ. ಹಿಂದೂಸ್ತಾನಿ ಪದ್ಧತಿಯಲ್ಲಿ ಒಂದು ಮನೆಗೆ ಒಂದೇ ಹೆಸರು: ಕೋಮಲ, ಶುದ್ಧ, ತೀವ್ರ. ಭಾತಖಂಡೆಯವರು ೧೯೦೪ರಲ್ಲಿ ದಕ್ಷಿಣಕ್ಕೆ ಬಂದು ಮೇಳಪದ್ಧತಿಯನ್ನು ಅಭ್ಯಾಸ ಮಾಡಿದರು. ತಮ್ಮ ಹತ್ತು ಥಾಟುಗಳನ್ನು ಕಟ್ಟುವಾಗ ಪಟ್ಟಿಯ ಕಲ್ಪನೆಯನ್ನು ಉಪಯೋಗಿಸಿಕೊಂಡರೂ ಇಮ್ಮಡಿ ಹೆಸರನ್ನು ತೆಗೆದುಕೊಳ್ಳಲಿಲ್ಲ. ಅವರಿಗೆ ಅದು ಬೇಕಾಗಿರಲಿಲ್ಲ. ನಮ್ಮ ಮಿತ್ರರು ಆ ಭಾನುವಾರ, ವಾದದ ನಡುವೆಯೇ, ಜೋಗ್ ರಾಗದ ಒಂದು ಇಳಿತವನ್ನು ಗುನುಗಿದರು. ಅದರಲ್ಲಿ ಎರಡು ಗಾಂಧಾರಗಳಿವೆ. ಶುದ್ಧಗಾಂಧಾರ ಆಗಲೇ ಕೇಳಿರುತ್ತದೆ. ಮಧ್ಯಮಕ್ಕೆ ಹೋಗಿ ಹಿಂತಿರುಗುವಾಗ ಅದೇ ಗಾಂಧಾರ ಮುಖ ಬಾಡಿಸಿಕೊಂಡು ಕೋಮಲವಾಗಿ ಬಂದು ಷಡ್ಜದಲ್ಲಿ ಇಳಿಯುತ್ತದೆ. ಆ ರಾಗದ ಸೊಗಸೆಲ್ಲ, ಇದು ಅದೇ ಗಾಂಧಾರ, ಆದರೂ ಅದೇ ಅಲ್ಲ ಎಂದು ಕಿವಿ ಗುರುತಿಸುವುದರಲ್ಲಿದೆ. ಅಲ್ಲಿ ಮೂರನೆಯ ಮನೆಯನ್ನು ರಿಷಭವೆಂದರೆ ರಾಗವೇ ಕೆಟ್ಟಿತು. ನನ್ನ ತಾಯಿಯ ನಾಟದಲ್ಲಿಯೂ ಮಧ್ಯಮದಿಂದ ಮೂರನೆಯ ಮೆಟ್ಟಿಗೆ, ಅಲ್ಲಿಂದ ಷಡ್ಜಕ್ಕೆ ಇಳಿತ. ಬೆರಳು ಹೋಗುವ ಮೆಟ್ಟುಗಳು ಅವೇ. ಆದರೆ ಅವರು ಅದನ್ನು ಬೋಳಾಗಿ ಮೀಟುವುದೇ ಇಲ್ಲ. ಮೇಲಿನ ಸ್ವರದ ಎಳೆಯನ್ನು ತಗುಲಿಸಿ, ಒತ್ತುಕೊಟ್ಟು ನಿಲ್ಲಿಸುತ್ತಾರೆ. ಆರೋಹಣದಲ್ಲಿ ಅದರ ಮೇಲೆ ಗಾಂಧಾರವೊಂದು ಬೇರೆಯಾಗಿ ಬಂದುಹೋಗಿದೆ. ಇಳಿಯುವಾಗ ಗಾಂಧಾರ ತಪ್ಪಿಹೋಗಿ, ರಿಷಭ ಒಬ್ಬಂಟಿಯಾಗಿ ಆ ಎಡೆಯನ್ನೆಲ್ಲ ಹೊರಬೇಕು. ಅಲ್ಲಿ ಅದನ್ನು ಬಾಡಿದ ಗಾಂಧಾರವೆಂದು ಕೇಳಿದರೆ ನಾಟದ ಗತ್ತು ಉಳಿಯಲಾರದು. ಇಬ್ಬರೂ ತಮ್ಮ ತಮ್ಮ ರಾಗಕ್ಕೆ ಸರಿಯಾದ ಕಾಗುಣಿತವನ್ನೇ ಬರೆದಿದ್ದಾರೆ.

ಹಾಗಾದರೆ ವೆಂಕಟಮಖಿಯ ಮೇಲೆ ನನ್ನ ಆಕ್ಷೇಪವೇ ಇಲ್ಲವೇ? ಇದೆ. ಎಪ್ಪತ್ತೆರಡಕ್ಕೆ ಒಂದನ್ನು ಕೂಡಿಸುವುದಾಗಲಿ ಕಳೆಯುವುದಾಗಲಿ ಪರಮೇಶ್ವರನಿಗೂ ಆಗದೆಂದು ಅವನು ಜಂಬ ಕೊಚ್ಚಿದ್ದಾನೆ. ತಾನೇ ಹಾಕಿಕೊಂಡ ಬೇಲಿಯೊಳಗೆ ಆ ಮಾತು ನಿಜ. ಬೇಲಿಯ ಹೊರಗೆ ಅಲ್ಲ. ಒಂದು ಮೇಳದಲ್ಲಿ ಎರಡು ಮಧ್ಯಮಗಳು ಕೂಡಬಾರದೆಂಬ ನಿಯಮದಿಂದ ಲಲಿತ್‌ನಂಥ ರಾಗಕ್ಕೆ ಅಲ್ಲಿ ಬಾಗಿಲೇ ಇಲ್ಲ. ಅದರಲ್ಲಿ ಎರಡು ಮಧ್ಯಮಗಳು ಅಕ್ಕಪಕ್ಕದಲ್ಲಿಯೇ ಕೂತಿವೆ. ನಮ್ಮ ಭೈರವಿಯನ್ನೇ ನೋಡಿ. ಅದರಲ್ಲಿ ಎರಡು ಧೈವತಗಳಿವೆ. ಇಂದಿನ ಪಟ್ಟಿ ಅದನ್ನು ಇಪ್ಪತ್ತನೆಯ ಮೇಳದಲ್ಲಿ ಇಟ್ಟು, ಚತುಃಶ್ರುತಿ ಧೈವತವನ್ನು ಅನ್ಯಸ್ವರವೆನ್ನುತ್ತದೆ. ಅದಿಲ್ಲದೆ ಭೈರವಿಯೇ ಇಲ್ಲ. ಮನೆಮಗನನ್ನು ಜನಗಣತಿಯಲ್ಲಿ ಅತಿಥಿಯೆಂದು ಬರೆಸಿದ ಹಾಗೆ. ಒಂದು ಸ್ವರದ ಹೆಸರು ಅದರ ನಡೆಯಿಂದ ತಿಳಿಯುತ್ತದೆ ಎಂಬುದನ್ನು ‘ರು’ ‘ಗಿ’ಗಳಲ್ಲಿ ಇಷ್ಟು ಸೂಕ್ಷ್ಮವಾಗಿ ಕಂಡವನು, ಪಟ್ಟಿಯನ್ನು ಹಾಕುವಾಗ ನಡೆಯನ್ನು ಬಿಟ್ಟು ಎಣಿಕೆಯನ್ನು ನೆಚ್ಚಿದ. ತನ್ನ ಕಾಲದ್ದೆಂದು ಅವನು ವಿವರಿಸಿರುವ ಮೇಳಗಳು ೧೯. ಅದರಲ್ಲಿ ಸಿಂಹರವವೆಂಬುದು ತಾನೇ ಕಲ್ಪಿಸಿದ್ದು. ಉಳಿದ ಐವತ್ತಮೂರು ಮುಂದೆ ಬರುವವರಿಗೆ, ಬೇರೆ ದೇಶದವರಿಗೆ ಎಂದು ಸಮಾಧಾನ ಹೇಳಿದ. ಬಂದವರು ಅವುಗಳಲ್ಲಿ ಕೆಲವನ್ನು ತುಂಬಿದರು ಎಂಬುದೂ ನಿಜವೇ. ಆದರೆ ತಾಯಿಮೇಳ, ಮಗುರಾಗ ಎಂಬ ವಂಶವೃಕ್ಷವನ್ನು ನಂಬಿ, ಅಜ್ಜಿಯನ್ನು ಮೊಮ್ಮಗಳ ಹೊಟ್ಟೆಯಲ್ಲಿ ಹುಟ್ಟಿಸುವ ವಿಚಾರ ನಮ್ಮ ಪರೀಕ್ಷೆಯ ಪುಸ್ತಕಗಳಲ್ಲಿ ಇನ್ನೂ ನಡೆದಿದೆ.

ಇನ್ನು ಆ ಮುಳ್ಳಿನ ವಿಷಯ. ಮಿತ್ರರ ಯಂತ್ರ ಸುಳ್ಳು ಹೇಳಿತೆಂದು ನಾನು ವಾದಿಸುವುದಿಲ್ಲ. ಅದು ಅಳೆದದ್ದು ಕಂಪನಸಂಖ್ಯೆಯನ್ನು. ಅದು ಒಂದೇ ಇತ್ತು. ಆದರೂ ಅದರ ಹನ್ನೆರಡು ಮನೆಗಳ ಬೇಲಿ ನಿಸರ್ಗದತ್ತವಾದದ್ದಲ್ಲ. ಷಡ್ಜ ೨೪೦ ಆದರೆ, ತಂಬೂರಿಯ ತಂತಿ ತನ್ನಷ್ಟಕ್ಕೆ ಹೊರಡಿಸುವ ಗಾಂಧಾರದ ಪ್ರಮಾಣದಲ್ಲಿ ಅಂತರಗಾಂಧಾರ ೩೦೦ ಆಗಬೇಕು. ಸ್ಥಾಯಿಯನ್ನು ಹನ್ನೆರಡು ಸಮಪಾಲು ಮಾಡಿದ ಯಂತ್ರ ೩೦೨.೪ ಎನ್ನುತ್ತದೆ. ತಾನಾಗಿ ಹುಟ್ಟುವ ಇಂಥ ಸ್ವಯಂಭೂ ಸ್ವರಗಳನ್ನೇ ರಾಮಾಮಾತ್ಯನು ಪ್ರಮಾಣವೆಂದು ಹಿಡಿದಿದ್ದ. ವೀಣೆಯ ಮೆಟ್ಟುಗಳನ್ನು ಮೇಣದಲ್ಲಿ ಕೂರಿಸುವವನೂ ಕಿವಿಯಿಂದಲೇ ಕೂರಿಸುತ್ತಾನೆ. ಹಾರ್ಮೋನಿಯಂ ನಮ್ಮ ರಾಗಗಳಿಗೆ ಒಗ್ಗದೆಂದು ಆಲ್ ಇಂಡಿಯಾ ರೇಡಿಯೋದವರು ೧೯೪೦ರಲ್ಲಿ ಅದನ್ನು ಹೊರಗಿಟ್ಟು, ೧೯೭೧ರಲ್ಲಿ ನಿರ್ಬಂಧವನ್ನು ಸಡಿಲಿಸಿದರು. ಆ ಮೂವತ್ತು ವರ್ಷಗಳ ಜಗಳದಲ್ಲಿ ಇಂಥ ಎರಡು ಕಂಪನಗಳ ಅಂತರವೂ ಒಂದು ಕಾರಣವಾಗಿತ್ತು. ಒಂದು ಸ್ವರದಿಂದ ಇನ್ನೊಂದಕ್ಕೆ ಜಾರಲಾರದ ಮನೆಗಳ ಮೊಂಡುತನ ಇನ್ನೂ ದೊಡ್ಡ ಕಾರಣ.

ಆ ರಾತ್ರಿ ಊಟವಾದ ಮೇಲೆ ಮಗಳನ್ನು ಕೂರಿಸಿಕೊಂಡು, ಇಷ್ಟನ್ನೆಲ್ಲ ಹೇಳದೆ, ಒಂದು ಕೆಲಸ ಮಾಡೆಂದೆ. ನನ್ನ ಫೋನಿನಲ್ಲಿಯೂ ಆ ಆ್ಯಪ್ ಹಾಕಿಕೊಂಡು, ಅಜ್ಜಿಯ ಮುಂದಿಟ್ಟು, ತೋಡಿ ನುಡಿಸಲು ಕೇಳಿದಳು. ಗಾಂಧಾರ ಬಂತು. ಮುಳ್ಳು ಮೂರನೆಯ ಮನೆಯಲ್ಲಿ ನಿಲ್ಲಲಿಲ್ಲ. ರಿಷಭದ ಕಡೆಯಿಂದ ಮಧ್ಯಮದ ಕಡೆಗೆ, ಅಲ್ಲಿಂದ ಹಿಂದಕ್ಕೆ, ತೊಟ್ಟಿಲಿನಂತೆ ತೂಗಾಡಿತು. ನಿಜವಾಗಿ ಆ ಮನೆಯಲ್ಲಿ ಅದು ಇದ್ದದ್ದು ಅತ್ತಿತ್ತ ಹೋಗುವಾಗ ದಾಟಿದಷ್ಟು ಹೊತ್ತು. “ಇದರಲ್ಲಿ ಗ ಎಲ್ಲಪ್ಪಾ?” ಎಂದಳು. ಅವಳಿಗೆ ಕೇಳುತ್ತಿರಲಿಲ್ಲವೇ ಎಂದು ಕೇಳಿದೆ. “ಕೇಳ್ತಿದೆ. ಇಡೀ ತೂಗಾಟವೇ ಗ” ಎಂದಳು. ನನ್ನ ಸಂಕಿರಣದ ಭಾಷಣ ಮುಕ್ಕಾಲು ಗಂಟೆಯದು. ಅದರಲ್ಲಿ ಇಷ್ಟು ಅರ್ಥವಿರಲಿಲ್ಲ.

ಕೀಬೋರ್ಡಿನ ಮಾತು ಸದ್ಯಕ್ಕೆ ನಿಂತಿದೆ. ಮಿತ್ರರು ಒಪ್ಪಿದ್ದಾರೆಂದು ಹೇಳಲಾರೆ. ಮುಂದಿನ ಭಾನುವಾರ ನಾಟ, ಜೋಗ್ ಎರಡನ್ನೂ ಬೆನ್ನುಬೆನ್ನಿಗೆ ಕೇಳಬೇಕೆಂದು ಹೇಳಿಹೋಗಿದ್ದಾರೆ. ಈ ನಡುವೆ ನಾನು ಮಗಳಿಗೆ ವೆಂಕಟಮಖಿಯ ಕಾಗುಣಿತವನ್ನು ತೋರಿಸಿದ್ದು ಒಂದು ತಪ್ಪಾಯಿತು. ಅವಳು ನಾಟದ ಪಾಠವನ್ನೆಲ್ಲ ಅದರಲ್ಲಿ ಹೊಸದಾಗಿ ಬರೆದುಕೊಂಡಳು. ನಿನ್ನೆ ಸಂಜೆ ನನ್ನ ತಾಯಿ ಕನ್ನಡಕ ಹಾಕಿಕೊಂಡು ಆ ಪುಟವನ್ನು ನೋಡಿ, ಪೆನ್ನು ತರಿಸಿದರು.

“ಇದೇನೇ ಇದು, ಎಲ್ಲಾ ಕಡೆ ‘ರು’ ಅಂತ ಬರ್ದಿದೀಯ? ಕನ್ನಡ ಮೇಷ್ಟ್ರ ಮಗಳಾಗಿ ‘ರಿ’ ಬರೆಯೋಕೆ ಬರಲ್ವೇನೇ?”